ನಾನು ಓದಿ ಹೇಳಿದ ಫ್ರಾನ್ಸಿನ ಕಾಗದ

ಫ್ರಾನ್ಸ್ ದೇಶದ ಚರಿತ್ರೆಗೆ ನಾನು ಮಾಡಿದಷ್ಟು ಅನ್ಯಾಯವನ್ನು ಅದರ ಶತ್ರುಗಳೂ ಮಾಡಿರಲಿಕ್ಕಿಲ್ಲ. ಮುಳಬಾಗಿಲಿನಲ್ಲಿ ಆ ದೇಶದ ಒಬ್ಬ ರಾಜನಿಗೆ ಅವನ ಮೊಮ್ಮಗಳನ್ನೇ ತಂದು ಮದುವೆ ಮಾಡಿಸಿದ್ದೇನೆ. ಶ್ರೀನಿವಾಸಪುರದಲ್ಲಿ, ತಲೆ ಕತ್ತರಿಸಿಹೋದ ರಾಣಿಯೊಬ್ಬಳು ಮುಂದಿನ ರೀಲಿನಲ್ಲಿ ಅದೇ ತಲೆಯನ್ನು ಬಾಚಿಕೊಳ್ಳುತ್ತ ಕೂತಿದ್ದಾಗ, "ಇಷ್ಟು ಹೊತ್ತು ನೀವು ನೋಡಿದ್ದು ರಾಣಿಗೆ ಬಿದ್ದ ಕೆಟ್ಟ ಕನಸು ಕಣ್ರಪ್ಪಾ" ಎಂದು ಹೇಳಿ ಪಾರಾಗಿದ್ದೇನೆ. ರೀಲು ಡಬ್ಬಗಳಿಗೆ ನಂಬರು ಬರೆದವನೂ ನಾನೇ. ಡಬ್ಬ ತಲೆಕೆಳಗಾದರೆ ಆರು ಒಂಬತ್ತಾಗುತ್ತದೆ ಎಂಬ ತಿಳಿವಳಿಕೆ ಇಪ್ಪತ್ತು ವರ್ಷದ ನನಗೆ ಇರಲಿಲ್ಲ.

ಆಗ ಬೆಂಗಳೂರಿನಲ್ಲಿ ಮಾತಾಡುವ ಚಿತ್ರಗಳು ಬಂದು ಕೆಲವು ವರ್ಷಗಳಾಗಿದ್ದವು. ನಮ್ಮದು ಮಾತು ಬಾರದ ಚಿತ್ರಗಳ ಟೆಂಟು. ಟಾಕಿ ಇನ್ನೂ ಕಾಲಿಡದ ಊರುಗಳನ್ನು ಹುಡುಕಿಕೊಂಡು ಕೋಲಾರ, ಮಾಲೂರು, ಮುಳಬಾಗಿಲು, ಶ್ರೀನಿವಾಸಪುರ ಅಂತ ನಾಲ್ಕೂರು ಸುತ್ತುತ್ತಿತ್ತು. ಪರದೆಯ ಮೇಲಿನ ಜನ ಬರೀ ತುಟಿ ಆಡಿಸುತ್ತಿದ್ದರು. ನಡುನಡುವೆ ಬರುವ ಪರಭಾಷೆಯ ಬರಹ ನಮ್ಮಲ್ಲಿ ಯಾರಿಗೂ ತಿಳಿಯದು. ಆದ್ದರಿಂದ ಪರದೆಯ ಪಕ್ಕದಲ್ಲಿ ಒಬ್ಬ ಕೋಲು ಹಿಡಿದು ನಿಂತು, ತಗಡಿನ ಕೊಳವೆಯಲ್ಲಿ ಕಥೆ ಹೇಳಬೇಕಿತ್ತು. ಕೋಲಾರದಲ್ಲಿ ಕನ್ನಡ, ಶ್ರೀನಿವಾಸಪುರದಲ್ಲಿ ತೆಲುಗು, ಮುಳಬಾಗಿಲಿನಲ್ಲಿ ಎರಡೂ ಕಲಸಿದ್ದು. ಆ ಕೆಲಸಕ್ಕೆ ನನ್ನನ್ನು ಆರಿಸಿದ ರೀತಿಯನ್ನು ಹೇಳಿಬಿಡುತ್ತೇನೆ.

ಟೆಂಟಿನ ಸಾಹುಕಾರರು ಕೇಳಿದರು: "ಇಂಗ್ಲಿಷ್ ಬರುತ್ತೇನ್ಲಾ?"

"ಬರುತ್ತೆ ಸಾಹುಕಾರ್ರೇ."

"ಚರಿತ್ರೆ?"

"ಎರಡು ಸಲ ಓದಿದೀನಿ."

ಮೆಟ್ರಿಕ್‌ನಲ್ಲಿ ಎರಡು ಸಲ ಫೇಲಾಗಿದ್ದೆ, ಆದ್ದರಿಂದ ಅದು ಸುಳ್ಳಲ್ಲ. ಸಾಹುಕಾರರು, "ಒಂದೇ ಸಲ ಓದಿದವರಿಗಿಂತ ನೀನೇ ವಾಸಿ ಬಿಡ್ಲಾ" ಎಂದರು. ನಮ್ಮೂರು ಸುಗಟೂರಿನಲ್ಲಿ ತರಕಾರಿ ಮಡಿಗೆ ನೀರು ಕಟ್ಟುತ್ತಿದ್ದವನು ಮಾರನೆಯ ವಾರ ಯುರೋಪಿನ ರಾಜಮನೆತನಗಳ ಬಾಯಾಗಿದ್ದೆ.

ಮೆಷಿನ್ ನಡೆಸುತ್ತಿದ್ದವರು ಮುಳಬಾಗಿಲಿನ ಒಬ್ಬ ಮುಸ್ಲಿಮರು. ಐವತ್ತು ದಾಟಿದ್ದರು. ಟೆಂಟಿನವರೆಲ್ಲ ಅವರನ್ನು ಚಾಚಾ ಎನ್ನುತ್ತಿದ್ದೆವು. ಓದು ಬರಹ ಬಾರದು. ಆದರೆ ಮೆಷಿನ್ನಿನ ಸದ್ದು ಕೇಳಿಯೇ ಯಾವ ರೀಲು, ಎಲ್ಲಿ ಅಂಟು ಹಾಕಿದೆ, ಇನ್ನೆಷ್ಟು ಹೊತ್ತಿಗೆ ಕಡಿಯುತ್ತದೆ ಎಂದು ಹೇಳುವರು. ಪಾಂಡಿಚೇರಿಯ ಒಂದು ಸಿನಿಮಾ ಹಾಲ್ ಟಾಕಿಗೆ ಬದಲಾದಾಗ ಅಲ್ಲಿಯ ಹಳೆಯ ಮೂಕಿ ಡಬ್ಬಗಳನ್ನೆಲ್ಲ ಸಾಹುಕಾರರು ಗಾಡಿಗೆ ಹೇರಿಸಿ ತಂದಿದ್ದರು. ಅದರಲ್ಲಿ ಆರು ಚಿತ್ರಗಳು ಫ್ರಾನ್ಸಿನವು, ಆರೂ ಒಬ್ಬನೇ ಮನುಷ್ಯ ತೆಗೆದವು. ಇದನ್ನು ಕಂಡುಹಿಡಿದದ್ದು ಚಾಚಾ. ಒಂದು ಡಬ್ಬದ ಮುಚ್ಚಳದ ಒಳಗೆ, ಕ್ಯಾಮೆರಾದ ಪಕ್ಕ ಕೈಕಟ್ಟಿ ನಿಂತ ಒಬ್ಬನ ಫೋಟೋ ಅಂಟಿಸಿತ್ತು. ಅದೇ ಮುಖ ಪ್ರತಿ ಚಿತ್ರದಲ್ಲೂ ಎಲ್ಲೋ ಒಂದು ಮೂಲೆಯಲ್ಲಿ ಒಂದೇ ಒಂದು ಸಲ ಹಾದುಹೋಗುತ್ತಿತ್ತು.

"ನೋಡು ಬೇಟಾ," ಎಂದು ಚಾಚಾ ಹಗಲು ಹೊತ್ತು ರೀಲನ್ನು ಬಿಸಿಲಿಗೆ ಹಿಡಿದು ತೋರಿಸುವರು. "ಕನ್ನಡಿ ಅರಮನೆ ಕಟ್ಟಿಸ್ತಾನಲ್ಲ ರಾಜ, ಅದರಲ್ಲಿ ಉಸ್ತಾದ್ ಬಾಗಿಲು ಕಾಯೋ ಸಿಪಾಯಿ. ಮೀಸೆ ಎಷ್ಟು ಕಪ್ಪು! ರಾಣಿ ಪಿಕ್ಚರಲ್ಲಿ ಗಾಡಿ ಹೊಡೀತಾನೆ. ಗಿಡ್ಡ ದಂಡನಾಯಕನ ಪಿಕ್ಚರಲ್ಲಿ ಅಡಿಗೆಯವನು, ಸ್ವಲ್ಪ ಹೊಟ್ಟೆ ಬಂದಿದೆ. ಹುಚ್ಚುನಾಯಿ ಕಡಿತಕ್ಕೆ ಔಷಧಿ ಹುಡುಕ್ತಾನಲ್ಲ ಡಾಕ್ಟರು, ಅಲ್ಲಿ ಕನ್ನಡಕ ಹಾಕಿದಾನೆ. ಜೈಲಲ್ಲಿ ಕೂತು ಪದ್ಯ ಬರೆಯೋನ ಪಿಕ್ಚರಲ್ಲಿ ಇವನೇ ಬೀಗ ಹಾಕೋನು. ಕುರಿ ಹುಡುಗಿ ಪಿಕ್ಚರಿಗೆ ಬರೋ ಹೊತ್ತಿಗೆ ತಲೆ ಪೂರ್ತಿ ಬೆಳ್ಳಗೆ."

ಹೀಗೆ ಆ ಮನುಷ್ಯನ ಕೂದಲು ನರೆತ ಕ್ರಮದಲ್ಲಿ ಚಾಚಾ ಚಿತ್ರಗಳನ್ನು ಜೋಡಿಸಿಟ್ಟಿದ್ದರು. ಹೆಸರು ಓದಲು ಬಾರದಿದ್ದರಿಂದ ಅವನನ್ನು ಉಸ್ತಾದ್ ಎಂದೇ ಕರೆಯುತ್ತಿದ್ದರು. ಹರೆಯದಲ್ಲಿ ರಾಜರ ಕಥೆ ತೆಗೆದವನು ಮುದುಕನಾಗುತ್ತ ಆಗುತ್ತ ಸಾಮಾನ್ಯರ ಕಡೆಗೆ ಬಂದ ಎಂಬುದು ಅವರ ಲೆಕ್ಕ. ನಾನೋ, ಆರು ಚಿತ್ರಗಳನ್ನೂ ಒಂದೇ ಸಂಸಾರದ ಕಥೆ ಎಂದುಕೊಂಡು, ಡಾಕ್ಟರನ್ನು ರಾಣಿಯ ತಮ್ಮನನ್ನಾಗಿ ಮಾಡಿ ಮೂರು ತಿಂಗಳು ಕಳೆದಿದ್ದೆ.

ಕುರಿ ಹುಡುಗಿಯ ಚಿತ್ರಕ್ಕೆ ಕೊನೆಯ ರೀಲು ಇರಲಿಲ್ಲ. ಹುಡುಗಿಗೆ ಆಕಾಶದಿಂದ ಯಾರೋ ಮಾತಾಡಿದಂತೆ ಆಗುತ್ತದೆ, ಅವಳು ಗಂಡಸರ ಉಡುಪು ತೊಟ್ಟು ಕುದುರೆ ಹತ್ತಿ ಯುದ್ಧಕ್ಕೆ ಹೋಗುತ್ತಾಳೆ, ಗೆಲ್ಲುತ್ತಾಳೆ, ಸಿಕ್ಕಿಬೀಳುತ್ತಾಳೆ. ನಿಲುವಂಗಿ ತೊಟ್ಟ ಮುದುಕರು ಸುತ್ತ ಕೂತು ಏನೇನೋ ಕೇಳುತ್ತಾರೆ. ಆಮೇಲೆ ಬೆಳ್ಳನೆ ತಲೆಯ ಉಸ್ತಾದ್ ಬೆನ್ನ ಮೇಲೆ ಸೌದೆ ಹೊರೆ ಹೊತ್ತು ಪರದೆಯ ಈ ತುದಿಯಿಂದ ಆ ತುದಿಗೆ ನಡೆದುಹೋಗುತ್ತಾನೆ. ಅಲ್ಲಿಗೆ ರೀಲು ಮುಗಿದು ಬಿಳಿ ಬಟ್ಟೆ ಉಳಿಯುತ್ತದೆ.

ಮುಂದಿನದನ್ನು ನಾನು ಹೇಳಬೇಕು. ಮೊದಲ ಸಲ ಶ್ರೀನಿವಾಸಪುರದಲ್ಲಿ ಬಾಯಿಗೆ ಏನೂ ಬಾರದೆ ನಿಂತಾಗ ನೆಲದ ಮೇಲೆ ಕೂತಿದ್ದ ಒಬ್ಬಾಕೆ, "ಏಮಯ್ಯಾ, ಆ ಪಿಲ್ಲಕಿ ಪೆಳ್ಳಿ ಅಯ್ಯಿಂದಾ ಲೇದಾ?" ಎಂದು ಕೂಗಿ ಕೇಳಿದಳು. ಹುಡುಗಿಗೆ ಮದುವೆ ಆಯಿತೋ ಇಲ್ಲವೋ! ನನಗೆ ಹೊಳೆದಿರಲೇ ಇಲ್ಲ. ಆಯಿತಮ್ಮಾ, ಆ ಸೌದೆ ಮದುವೆ ಅಡಿಗೆಗೇ ಎಂದೆ. ಟೆಂಟಿಗೆ ಟೆಂಟೇ ಚಪ್ಪಾಳೆ ಹೊಡೆಯಿತು. ಮಾಲೂರಿನಲ್ಲಿ ರಾಜ ಅವಳನ್ನು ಬಿಡಿಸಿ ಜಮೀನು ಕೊಟ್ಟ. ಮುಳಬಾಗಿಲಿನಲ್ಲಿ ಅವಳೇ ರಾಣಿಯಾದಳು. ಆ ಸೌದೆ ನಿಜವಾಗಿ ಯಾತಕ್ಕೆ ಎಂಬುದನ್ನು ಕೋಲಾರದ ಒಬ್ಬ ಚರಿತ್ರೆ ಮೇಷ್ಟರು ನನ್ನನ್ನು ಪಕ್ಕಕ್ಕೆ ಕರೆದು ಹೇಳಿದರು. ಆ ಹುಡುಗಿಯನ್ನು ಕಂಬಕ್ಕೆ ಕಟ್ಟಿ ಜೀವಂತ ಸುಟ್ಟರಂತೆ. ಹತ್ತೊಂಬತ್ತು ವರ್ಷವಂತೆ ಅವಳಿಗೆ. ನಾನು ಆ ಸೌದೆಯ ಮೇಲೆ ಎಷ್ಟು ಸಲ ಹೋಳಿಗೆ ಬೇಯಿಸಿದ್ದೆನೋ.

ಚಾಚಾಗೆ ಅದನ್ನು ಹೇಳಲಿಲ್ಲ. ಅವರು ಒಂದೇ ಪ್ರಶ್ನೆಯನ್ನು ಹಿಡಿದುಕೊಂಡಿದ್ದರು.

"ನೀನು ಹೇಳೋ ಥರ ಉಸ್ತಾದ್ ಮುಗಿಸಿರಲ್ಲ ಬೇಟಾ. ಐದು ಪಿಕ್ಚರಲ್ಲಿ ಸುಮ್ನೆ ಮೂಲೇಲಿ ನಿಂತೋನು, ಈ ಹುಡುಗಿಗೆ ತಾನೇ ಸೌದೆ ಹೊತ್ತಿದಾನೆ. ಯಾಕೆ? ಅದು ನಂಗೆ ಗೊತ್ತಾಗ್ಬೇಕು. ಡಬ್ಬದ ಮೇಲೆ ವಿಳಾಸ ಇದೆಯಲ್ಲ, ಬರಿ ಒಂದು ಕಾಗದ."

ಬರೆದೆ. ನನ್ನ ಇಂಗ್ಲಿಷಿನಲ್ಲಿ ಬರೆದ ಆ ಕಾಗದವನ್ನು ಓದಿ ಪ್ಯಾರಿಸ್ಸಿನವರು ಏನೆಂದುಕೊಂಡರೋ. ಕೊನೆಯ ರೀಲು ಕಳಿಸಿರಿ ಎನ್ನುವ ಕಡೆ ಹುಡುಗಿಯ ಕೊನೆಯನ್ನೇ ಕಳಿಸಿರಿ ಎಂದು ಬರೆದಿದ್ದೆನೆಂದು ನನಗೆ ಈಗ ಅನುಮಾನ. ಉತ್ತರ ಬರಲಿಲ್ಲ. ಟೆಂಟು ನಾಲ್ಕೂರನ್ನೂ ಒಂದು ಸುತ್ತು ಮುಗಿಸಿತು. ಪ್ರತಿ ಊರಿನಲ್ಲೂ ಚಾಚಾ ಟೆಂಟಿನ ಗೂಟ ಹೊಡೆಯುವ ಮೊದಲು ಅಂಚೆ ಕಚೇರಿಗೆ ಹೋಗಿ ಬರುವರು.

ಮಾಲೂರಿನಲ್ಲಿದ್ದಾಗ ಅಂಚೆಯವನು ಒಂದು ಉದ್ದ ಲಕೋಟೆ ತಂದುಕೊಟ್ಟ. ಒಳಗೆ ಇಂಗ್ಲಿಷಿನಲ್ಲಿ ಅಚ್ಚಾದ, ಮೇಲೆ ಚಿತ್ರಗಿತ್ರ ಇರುವ ಒಂದು ಹಾಳೆ. ಮೆಷಿನ್ನಿನ ದೀಪಕ್ಕೆ ಬೇಕಾದ ಕಾರ್ಬನ್ ಕಡ್ಡಿಗಳನ್ನು ಸಾಹುಕಾರರು ಬೆಂಗಳೂರಿನ ಅಂಗಡಿಯೊಂದರಿಂದ ತರಿಸುತ್ತಿದ್ದರು. ಕಡ್ಡಿ ಇಷ್ಟು ಡಜನ್ ಕಳಿಸಿದ್ದೇವೆ, ಒಡೆದರೆ ನಾವು ಹೊಣೆಯಲ್ಲ ಎಂಬ ರಶೀದಿ ಅದು. ಚಾಚಾ ಜ್ವರದಿಂದ ಎದ್ದು ಎರಡು ದಿನವಾಗಿತ್ತು. ಕಂಬಳಿ ಹೊದ್ದು ಪೆಟ್ಟಿಗೆಯ ಮೇಲೆ ಕೂತಿದ್ದವರು ಹಾಳೆಯನ್ನು ನೋಡಿ ಎದ್ದು ನಿಂತೇಬಿಟ್ಟರು.

"ಉಸ್ತಾದ್ ಕಾಗದವೇನೋ?"

ಟೆಂಟಿನ ಆಳುಗಳೆಲ್ಲ ಸುತ್ತ ನೆರೆದಿದ್ದರು. ನಾಲ್ಕು ಜನ ನನ್ನ ಬಾಯಿಯನ್ನೇ ನೋಡುತ್ತ ನಿಂತರೆ ಅದು ತಾನಾಗಿ ತೆರೆದುಕೊಳ್ಳುತ್ತದೆ. ಎರಡು ವರ್ಷ ನಾನು ಮಾಡಿದ್ದ ಕೆಲಸವೇ ಅದು, ಕಣ್ಣೆದುರು ಇರುವುದನ್ನು ಬಿಟ್ಟು ಬೇರೆ ಏನನ್ನಾದರೂ ಹೇಳುವುದು.

"ಅವರದೇ ಚಾಚಾ," ಎಂದೆ.

ಓದಿದೆ. ಗಂಟಲು ಸರಿಮಾಡಿಕೊಂಡು, ಬೆರಳನ್ನು ಸಾಲಿನ ಕೆಳಗೆ ಓಡಿಸುತ್ತ ಓದಿದೆ. "ಮೈಸೂರು ಸೀಮೆಯ ಆಪರೇಟರ್ ಸಾಹೇಬರಿಗೆ ಸಲಾಮುಗಳು. ನನ್ನ ಆರು ಚಿತ್ರಗಳನ್ನು ಮಕ್ಕಳಂತೆ ನೋಡಿಕೊಂಡಿದ್ದೀರಿ ಎಂದು ತಿಳಿದು ಕಣ್ಣು ತುಂಬಿತು. ನನ್ನ ಮಂಡಿನೋವು ಸ್ವಲ್ಪ ವಾಸಿ. ಕೊನೆಯ ರೀಲನ್ನು ಹಡಗಿಗೆ ಹಾಕಿಸುತ್ತೇನೆ, ತಡವಾದರೂ ಬರುತ್ತದೆ, ಅಲ್ಲಿಯವರೆಗೆ ಮೆಷಿನ್ ಬಿಟ್ಟು ಹೋಗಬೇಡಿ." ಈ ಕೊನೆಯ ಮಾತು ಯಾಕೆ ಬಂತೋ ನನಗೆ ಇವತ್ತಿಗೂ ತಿಳಿಯದು. ಭಾಷಣ ಮುಗಿಸಲು ಒಂದು ಒಳ್ಳೆಯ ಸಾಲು ಬೇಕಿತ್ತು, ಅದು ಸಿಕ್ಕಿತು.

"ಹುಡುಗಿ?" ಎಂದರು ಚಾಚಾ. "ಹುಡುಗಿ ವಿಷಯ ಏನಾದ್ರೂ ಬರೆದಿದಾನಾ?"

ಹಾಳೆಯನ್ನು ತಿರುಗಿಸಿದೆ. "ಕ್ಷೇಮವಾಗಿದಾಳಂತೆ."

ಚಾಚಾ ರಶೀದಿಯನ್ನು ನನ್ನ ಕೈಯಿಂದ ತೆಗೆದುಕೊಂಡು ಕಣ್ಣಿಗೆ ಒತ್ತಿಕೊಂಡರು. ಸಂಜೆಯೊಳಗೆ ಹೇಳಿಬಿಡೋಣ, ಎಲ್ಲರೂ ಸೇರಿ ನಕ್ಕುಬಿಡೋಣ ಎಂದುಕೊಂಡಿದ್ದೆ. ಸಂಜೆಗೆ ಅವರು ಜ್ವರ ಬಿಟ್ಟ ಬಾಯಿಗೆ ಮೊದಲ ಸಲ ಹೊಟ್ಟೆ ತುಂಬ ಊಟ ಮಾಡಿದರು. ನಾಳೆ ಹೇಳೋಣ ಎಂದುಕೊಂಡೆ. ಹಾಗೆ ಒಂದೂವರೆ ವರ್ಷ ನಾಳೆಯಾಯಿತು. ನಡುವೆ ಒಂದು ಸಲ ಮುಳಬಾಗಿಲಿನ ಅವರ ಮನೆಗೆ ಹೋದಾಗ ಅವರ ಹೆಂಡತಿ, "ಉಸ್ತಾದ್‌ಗೆ ಬರೆಯುವಾಗ ನಮ್ಮ ಸಲಾಮೂ ಹಾಕಪ್ಪಾ, ಮಂಡಿಗೆ ಹರಳೆಣ್ಣೆ ತಿಕ್ಕೋಕೆ ಹೇಳು" ಎಂದರು. ಹಾಕ್ತೀನಿ ಚಾಚಿ ಎಂದೆ. ಅವರು ಬಡಿಸಿದ್ದನ್ನು ತಿಂದೂ ಬಂದೆ.

ಆಮೇಲೆ ಟಾಕಿ ಕೋಲಾರಕ್ಕೂ ಬಂತು. ತಂದವರು ನಮ್ಮ ಸಾಹುಕಾರರೇ. ಟೆಂಟು ಮುಚ್ಚಿ, ಊರಲ್ಲಿ ತಗಡಿನ ಶೆಡ್ಡು ಹಾಕಿಸಿ, ಹೊಸ ಮೆಷಿನ್ನಿಗೆ ಹೇಳಿಟ್ಟರು. ಮಾಲೂರಿನಲ್ಲಿ ಕೊನೆಯ ಆಟಗಳು ನಡೆಯುತ್ತಿದ್ದಾಗ ಚಾಚಾನನ್ನು ಕರೆದರು. ನಾನೂ ಅಲ್ಲೇ ಇದ್ದೆ.

"ಸಾಬ್ರೇ, ಸೋಮವಾರ ಬೆಂಗಳೂರಿಗೆ ಹೊರಡಿ. ಹದಿನೈದು ದಿನ ಕಲಿಸಿಕೊಡ್ತಾರೆ. ಟಾಕಿ ಮೆಷಿನ್ ನಿಮ್ಮದೇ. ಈ ಮೂಕಿ ಡಬ್ಬಗಳನ್ನ ಬೆಳ್ಳಿ ತೆಗೆಯೋರಿಗೆ ಹಾಕಿಬಿಡ್ತೀನಿ."

ಹಳೆಯ ಫಿಲಮನ್ನು ತೊಳೆದರೆ ಅದರಿಂದ ಒಂದಿಷ್ಟು ಬೆಳ್ಳಿ ಇಳಿಯುತ್ತದೆ. ಅದನ್ನು ಕೊಳ್ಳುವವರು ಬೆಂಗಳೂರಿನಲ್ಲಿ ಇದ್ದರು.

ಚಾಚಾ ಹೇಳಿದರು: "ಬೆಳ್ಳಿಯೋರಿಗೆ ಬೇಡ ಸಾವ್ಕಾರ್. ನಾನು ಹೋಗಲ್ಲ. ಉಸ್ತಾದ್ ಹಡಗಿಗೆ ಹಾಕಿದಾನೆ. ರೀಲು ಬಂದಾಗ ತೋರ್ಸೋಕೆ ಮೆಷಿನ್ ಇರ್ಬೇಕು, ನಾನೂ ಇರ್ಬೇಕು."

"ಹಡಗು ಎಲ್ಲಿ ಸಿಕ್ಕಾಕ್ಕೊಂಡಿದೆ ಸಾಬ್ರೇ, ಒಂದೂವರೆ ವರ್ಷ ಆಯ್ತಲ್ಲ?"

"ತಡ ಆಗುತ್ತೆ ಅಂತ ಅವನೇ ಬರೆದಿದಾನೆ."

ಸಾಹುಕಾರರು ಕೆಟ್ಟವರಲ್ಲ. ಶನಿವಾರದವರೆಗೆ ಯೋಚನೆ ಮಾಡಿ ಎಂದರು. ಶುಕ್ರವಾರ ಮಧ್ಯಾಹ್ನ ಚಾಚಾ ನಮಾಜು ಮುಗಿಸಿ ಬಂದು ಟೆಂಟಿನ ಹಿಂದಿದ್ದ ಇಟ್ಟಿಗೆ ಗೂಡಿನ ಪಕ್ಕದ ನೆರಳಲ್ಲಿ ಕೂತಿದ್ದರು. ಅವರ ಕಾಲ ಹತ್ತಿರ ಕೂತು ಹೇಳಿದೆ.

"ಚಾಚಾ, ಆ ಕಾಗದ ಉಸ್ತಾದ್‌ದಲ್ಲ. ನಾನು ಸುಳ್ಳು ಓದಿದೆ."

ಅವರು ನಕ್ಕರು. "ಬಂತು ನೋಡು ಇವನ ಆಟ."

"ಅಲ್ಲಾಣೆ ಚಾಚಾ."

"ಲೇ, ನಿನ್ನ ಕುಚೋದ್ಯಕ್ಕೆ ಅಲ್ಲಾನ ಯಾಕೆ ಕರೀತೀಯ?"

"ಕೊಡಿ ಇಲ್ಲಿ, ಇರೋದನ್ನ ಇರೋ ಹಾಗೇ ಓದ್ತೀನಿ."

ಅವರು ಅಂಗಿಯ ಒಳಜೇಬಿನಿಂದ ಅದನ್ನು ತೆಗೆದು ಕೊಟ್ಟರು. ಮಡಿಕೆಗಳಲ್ಲಿ ಹರಿದು ನಾಲ್ಕು ತುಂಡಾಗಿದ್ದ ಹಾಳೆಯನ್ನು ಮಂಡಿಯ ಮೇಲೆ ಜೋಡಿಸಿ ಜೀವನದಲ್ಲಿ ಮೊದಲ ಸಲ ನಿಜ ಓದಿದೆ. ಕಾರ್ಬನ್ ಕಡ್ಡಿ, ದಪ್ಪದ್ದು, ಎರಡು ಡಜನ್. ಕಾರ್ಬನ್ ಕಡ್ಡಿ, ಸಣ್ಣದು, ಎರಡು ಡಜನ್. ಹುಲ್ಲು ತುಂಬಿದ ಪೆಟ್ಟಿಗೆ, ಒಂದು. ದಾರಿಯಲ್ಲಿ ಒಡೆದರೆ ನಾವು ಜವಾಬ್ದಾರರಲ್ಲ.

ಚಾಚಾ ಕಣ್ಣಲ್ಲಿ ನೀರು ಬರುವಷ್ಟು ನಕ್ಕರು. "ಶಹಭಾಸ್! ಅಷ್ಟು ದೊಡ್ಡ ಮನುಷ್ಯ ಬರೆದ ಕಾಗದಾನ ಕಡ್ಡಿ ರಶೀದಿ ಮಾಡಿಬಿಟ್ಟೆಯಲ್ಲ! ಮುಖ ನೋಡು ಇವನದು, ಸತ್ತ ಮನೆಗೆ ಬಂದೋನ ಥರ! ಸಾವ್ಕಾರ್ ಕಳಿಸಿದ್ರೇನೋ ನಿನ್ನ? ನಾನು ಕೆಲಸಕ್ಕೆ ಹೋಗಲಿ ಅಂತ?"

"ಯಾರೂ ಕಳಿಸಿಲ್ಲ. ನಂಬಿಕೆ ಇಲ್ದಿದ್ರೆ ಸ್ಟೇಷನ್ ಮಾಸ್ಟರಿಗೆ ತೋರ್ಸೋಣ ಬನ್ನಿ."

ಅವರ ನಗು ನಿಂತಿತು. "ತಪ್ಪು ಬೇಟಾ. ಒಬ್ಬರು ನಂಬಿ ಬರೆದ ಕಾಗದ, ಊರಿಗೆಲ್ಲ ತೋರಿಸಬಾರದು. ನಿನಗೂ ಓದಿಸ್ತಿರಲಿಲ್ಲ, ನಂಗೆ ಅಕ್ಷರ ಬಂದಿದ್ರೆ."

ನಾಲ್ಕು ತುಂಡುಗಳನ್ನೂ ಜೋಡಿಸಿ ಜೇಬಿಗೆ ಇಟ್ಟುಕೊಂಡರು. ಇಷ್ಟು ವರ್ಷ ನನ್ನ ಒಂದೊಂದು ಸುಳ್ಳಿಗೂ ನಾಲ್ಕೂರಿನ ಜನ ಚಪ್ಪಾಳೆ ತಟ್ಟಿದ್ದರು. ಒಂದು ನಿಜ ಹೇಳಲು ಹೋದರೆ ನನಗೆ ಆ ವಿದ್ಯೆಯೇ ಬರುತ್ತಿರಲಿಲ್ಲ. ನಾನು ಅತ್ತೂಬಿಟ್ಟೆ. ಅದಕ್ಕೂ ಅವರು ಬೆನ್ನು ತಟ್ಟಿ, "ಡ್ರಾಮಾ ಕಂಪನಿಗೆ ಸೇರ್ಕೊಳೋ ನೀನು" ಎಂದರು.

ಸಾಹುಕಾರರಿಗೆ ಹೇಳಬಹುದಿತ್ತು. ಶನಿವಾರ ಬೆಳಿಗ್ಗೆ ಹೇಳಲೆಂದೇ ಹೋದೆ. ನಾನು ಬಾಯಿ ತೆರೆಯುವ ಮೊದಲೇ ಅವರು, "ಸಾಬ್ರು ಬರಲ್ವಂತೆ. ಏಮಿರಾ, ನೀನು ಹೋಗ್ತೀಯಾ? ಇಂಗ್ಲಿಷ್ ಬರುತ್ತಲ್ಲ ನಿಂಗೆ" ಎಂದರು. ಟಾಕಿಗೆ ಕಥೆ ಹೇಳುವವನು ಬೇಡ. ಸೋಮವಾರದಿಂದ ನನಗೂ ಕೆಲಸವಿರಲಿಲ್ಲ. ಸುಗಟೂರಿನ ಮಡಿಗಳು ಕಣ್ಣ ಮುಂದೆ ಬಂದವು. ಯಾವುದನ್ನು ಹೇಳಲು ಹೋಗಿದ್ದೆನೋ ಅದು ಗಂಟಲಲ್ಲೇ ಉಳಿಯಿತು, "ಹೋಗ್ತೀನಿ ಸಾಹುಕಾರ್ರೇ" ಎಂಬುದು ಹೊರಗೆ ಬಂತು.

ಹೀಗೆ ಚಾಚಾ ಕೂರಬೇಕಾದ ಕುರ್ಚಿಯಲ್ಲಿ ನಾನು ಕೂತೆ. ಮೊದಲ ವಾರದಲ್ಲೇ ನಾಯಕಿ ಗಂಡಸಿನ ದನಿಯಲ್ಲೂ ನಾಯಕ ಹೆಂಗಸಿನ ದನಿಯಲ್ಲೂ ಹಾಡುವಂತೆ ರೀಲು ತೊಡಿಸಿದೆ. ಜನ ಸೋಡಾ ಬಾಟಲಿ ಎಸೆದರು. ಕೆಲಸ ಮಾತ್ರ ಹೋಗಲಿಲ್ಲ. ಹೋಗಿದ್ದರೆ ಸ್ವಲ್ಪ ನೆಮ್ಮದಿಯಾಗುತ್ತಿತ್ತೋ ಏನೋ. ಆರು ಚಿತ್ರಗಳನ್ನು ಬೆಳ್ಳಿಯವರ ಗಾಡಿ ಬಂದು ಹೊತ್ತುಕೊಂಡು ಹೋಯಿತು. ಚಾಚಾ ಎಷ್ಟು ಬೇಡಿದರೂ ಸಾಹುಕಾರರು ಕೊಡಲಿಲ್ಲ. ಮೂಕಿ ಮೆಷಿನ್ನೂ ಹಳೇ ಕಬ್ಬಿಣದ ತೂಕಕ್ಕೆ ಹೋಗಿತ್ತು. ಚಾಚಾ ಮಾಲೂರಿನಲ್ಲಿಯೇ ನಿಂತರು. ಪಾರ್ಸಲು ಬಂದರೆ ಮದರಾಸಿನ ರೈಲಿನಲ್ಲೇ ಬರಬೇಕು, ಕಾಗದ ಬಂದದ್ದೂ ಮಾಲೂರಿಗೇ ಎಂಬುದು ಅವರ ತರ್ಕ. ಇಟ್ಟಿಗೆ ಗೂಡಿನಲ್ಲಿ ಹಸಿ ಇಟ್ಟಿಗೆ ಜೋಡಿಸುವ ಕೆಲಸಕ್ಕೆ ಸೇರಿದರು. ಒಂದು ಕೂದಲೆಳೆಯಷ್ಟು ಗೀರೂ ಬೀಳದಂತೆ ಫಿಲಮು ಅಂಟಿಸುತ್ತಿದ್ದ ಬೆರಳುಗಳ ಚರ್ಮ ಮೂರು ತಿಂಗಳಲ್ಲಿ ಸುಲಿದುಹೋಗಿತ್ತು.

ಆಮೇಲೆ ಯುದ್ಧ ಬಂತು. ಫ್ರಾನ್ಸನ್ನು ಜರ್ಮನಿಯವರು ಹಿಡಿದರು ಎಂದು ಮಾಲೂರಿನ ಹೋಟೆಲಿನಲ್ಲಿ ಯಾರೋ ಪತ್ರಿಕೆ ಓದಿ ಹೇಳಿದ್ದನ್ನು ಕೇಳಿ ಚಾಚಾ ಅರ್ಧ ದಿನದ ಕೂಲಿ ಬಿಟ್ಟು ಕೋಲಾರಕ್ಕೆ ಬಂದರು.

"ಬರಿ ಬೇಟಾ. ಕ್ಷೇಮವಾಗಿದೀಯಾ ಅಂತ ಮಾತ್ರ ಬರಿ. ರೀಲಿನ ಮಾತು ಎತ್ತಬೇಡ, ಪಾಪ, ಈಗ ಅದು ಸರಿಯಲ್ಲ. ಈ ಸಲ ನನ್ನ ವಿಳಾಸ ಹಾಕು."

ಬರೆದೆ. ತಪ್ಪಿಲ್ಲದ ಇಂಗ್ಲಿಷಿನಲ್ಲಿ ಬರೆಯಬೇಕೆಂದು ಆ ಚರಿತ್ರೆ ಮೇಷ್ಟರ ಹತ್ತಿರ ತಿದ್ದಿಸಿಕೊಂಡು ಬಂದು ಅಂಚೆಗೆ ಹಾಕಿದೆ. ಕೆಲವು ತಿಂಗಳ ಮೇಲೆ ಒಂದು ಭಾನುವಾರ ಮಧ್ಯಾಹ್ನ ಚಾಚಾ ಮೆಷಿನ್ ರೂಮಿನ ಮೆಟ್ಟಿಲು ಹತ್ತಿ ಬಂದರು. ಕೈಯಲ್ಲಿ ಒಂದು ಲಕೋಟೆ. ಮುಖದಲ್ಲಿ ಹಬ್ಬ.

"ಉತ್ತರ ಬಂತು. ಓದು."

ನಾವು ಕಳಿಸಿದ ಲಕೋಟೆಯೇ ಅದು. ಒಡೆದಿರಲೂ ಇಲ್ಲ. ಮೇಲೆ ಅಡ್ಡಲಾಗಿ ಒಂದು ಮುದ್ರೆ ಒತ್ತಿದ್ದರು.

"ಆ ದೇಶಕ್ಕೆ ಟಪಾಲು ಹೋಗಲ್ವಂತೆ ಚಾಚಾ. ವಾಪಸು ಕಳಿಸಿದಾರೆ."

ಅವರು ಇನ್ನೂ ಕಾಯುತ್ತಿದ್ದರು. "ಆಮೇಲೆ?"

"ಅಷ್ಟೇ."

"ಅಷ್ಟೇನಾ? ಇನ್ನೊಂದು ಸಲ ನೋಡು. ಹಿಂದೆ ಏನಾದ್ರೂ ಇದೆಯಾ."

ತಿರುಗಿಸಿ ನೋಡಿದೆ. ಖಾಲಿ ಇತ್ತು. ಅವರಿಗೆ ಬೇಕಾದ ಒಂದು ಮಾತನ್ನು ಹೇಳುವುದು ನನಗೆ ಎಷ್ಟು ಸುಲಭ! ಮಂಡಿನೋವು, ಹಡಗು, ಸಲಾಮು, ಎಲ್ಲ ನಾಲಿಗೆಯ ತುದಿಗೆ ಬಂದು ನಿಂತಿದ್ದವು. ಇಲ್ಲ ಚಾಚಾ, ಏನೂ ಇಲ್ಲ ಎಂದೆ.

ಅವರು ಲಕೋಟೆಯನ್ನು ನನ್ನ ಕೈಯಿಂದ ತೆಗೆದುಕೊಂಡರು. "ಮುಂಚೆ ಎಷ್ಟು ಚೆನ್ನಾಗಿ ಓದ್ತಿದ್ದೆ ನೀನು," ಎಂದರು. ಬೈದದ್ದಲ್ಲ, ಕನಿಕರಪಟ್ಟದ್ದು. "ಈ ಮಾತಾಡೋ ಮೆಷಿನ್ ಜೊತೆ ಇದ್ದು ಇದ್ದು ನಿನ್ನ ನಾಲಿಗೆ ಹೋಯ್ತು. ಬಿಡು. ಮಾಲೂರಲ್ಲಿ ಸ್ಟೇಷನ್ ಮಾಸ್ಟರ್ ಒಳ್ಳೆಯೋರು, ಓದಿದೋರು. ತೋರಿಸಬಾರದು ಅಂತಿದ್ದೆ, ಆದ್ರೆ ಇದು ಪ್ರಾಣದ ಪ್ರಶ್ನೆ. ಎರಡನ್ನೂ ತೋರಿಸ್ತೀನಿ, ಹಳೇದನ್ನೂ ಹೊಸದನ್ನೂ. ಜೋಡಿಸಿ ಓದಿದ್ರೆ ಅವನಿಗೇನಾಯ್ತು ಅಂತ ಅವರಿಗೆ ತಿಳಿಯುತ್ತೆ."

ಬೇಡ ಚಾಚಾ ಎನ್ನಬೇಕಿತ್ತು. ಅಥವಾ ಜೊತೆಯಲ್ಲಿ ಹೋಗಬೇಕಿತ್ತು. ಕೆಳಗೆ ಆಟಕ್ಕೆ ಗಂಟೆ ಹೊಡೆದರು, ನಾನು ದೀಪಕ್ಕೆ ಕಡ್ಡಿ ಸಿಕ್ಕಿಸುತ್ತ ನಿಂತೆ. ಅವರು ಎರಡು ಕಾಗದಗಳನ್ನೂ ಜೇಬಿಗೆ ಇಟ್ಟುಕೊಂಡು, ರೈಲು ತಪ್ಪೀತೆಂದು ಅವಸರವಾಗಿ ಮೆಟ್ಟಿಲು ಇಳಿದು ಹೋದರು.

ಅದಾಗಿ ಎರಡು ವರ್ಷ. ಸ್ಟೇಷನ್ ಮಾಸ್ಟರು ಏನು ಓದಿ ಹೇಳಿದರೋ, ಚಾಚಾ ಮತ್ತೆ ಕೋಲಾರಕ್ಕೆ ಬಂದಿಲ್ಲ. ಮುಳಬಾಗಿಲಿನ ಮನೆಯ ಬಾಗಿಲಿಗೆ ಹೋಗುವ ಮುಖ ನನಗಿಲ್ಲ. ವಾರಕ್ಕೊಮ್ಮೆ ಬೆಂಗಳೂರಿನಿಂದ ಚಿತ್ರದ ಪೆಟ್ಟಿಗೆ ತರಲು ಹೋಗುತ್ತೇನೆ. ಹೋಗುವಾಗ ಮಾಲೂರಿಗೆ ಹಿಂದಿನ ಸ್ಟೇಷನ್ನು ಟೇಕಲ್ ದಾಟಿದ ಮೇಲೆ ಮಾತು ನಿಲ್ಲಿಸುತ್ತೇನೆ. ಬರುವಾಗ ರೈಲು ಮಾಲೂರಿನಲ್ಲಿ ನಿಂತಷ್ಟು ಹೊತ್ತು, ರೀಲಿನ ಪೆಟ್ಟಿಗೆಯನ್ನು ಕಿಟಕಿಗೆ ಅಡ್ಡ ಇಟ್ಟು, ಅದರ ಹಿಂದೆ ಕುಗ್ಗಿ ಕೂರುತ್ತೇನೆ.